ಕಾಂಗೋ ಅರಸ ಬೇಡಿದ್ದು, ಅವನಿಗೆ ಸಿಕ್ಕಿದ್ದು

1526ರ ಜುಲೈ 6ರಂದು ಕಾಂಗೋ ರಾಜ್ಯದ ಅರಸ ಅಫೋನ್ಸೋ ಪೋರ್ಚುಗಲ್‌ನ ದೊರೆ ಮೂರನೆಯ ಜೊವಾವ್‌ಗೆ ಒಂದು ಪತ್ರ ಬರೆಸಿದ. ಬರೆದವನು ಜೊವಾವ್ ತೆಯಿಶೇರಾ ಎಂಬ ಆಸ್ಥಾನದ ಕರಣಿಕ. ಹೆಸರು ಪೋರ್ಚುಗೀಸಿನದು, ಆಳು ಕಾಂಗೋದವನೇ. ಪತ್ರದ ಭಾಷೆಯೂ ಪೋರ್ಚುಗೀಸ್. ಒಕ್ಕಣೆಯ ಸಾರ ಇಷ್ಟು: ನಿಮ್ಮ ವ್ಯಾಪಾರಿಗಳು ದಿನ ಬೆಳಗಾದರೆ ನಮ್ಮ ಜನರನ್ನು ಹಿಡಿದು ಸಾಗಿಸುತ್ತಿದ್ದಾರೆ. ಈ ಮಣ್ಣಿನ ಮಕ್ಕಳನ್ನು, ನಮ್ಮ ಸರದಾರರ ಮತ್ತು ಸಾಮಂತರ ಮಕ್ಕಳನ್ನು, ಕೊನೆಗೆ ನಮ್ಮ ನೆಂಟರಿಷ್ಟರನ್ನೂ ಬಿಡುತ್ತಿಲ್ಲ. ನಾಡು ಬರಿದಾಗುತ್ತಿದೆ. ನಮಗೆ ನಿಮ್ಮಿಂದ ಬೇಕಾಗಿರುವುದು ಕೆಲವು ಪಾದ್ರಿಗಳು, ಶಾಲೆಗಳಲ್ಲಿ ಕಲಿಸಲು ಕೆಲವು ಮಂದಿ, ಪೂಜೆಗೆ ಬೇಕಾದ ದ್ರಾಕ್ಷಾರಸ ಮತ್ತು ಹಿಟ್ಟು, ಅಷ್ಟೇ. ಈ ರಾಜ್ಯದಲ್ಲಿ ಗುಲಾಮರ ವ್ಯಾಪಾರವೇ ಇರಕೂಡದು ಎಂಬುದು ನಮ್ಮ ಇಚ್ಛೆ.

ಗುಲಾಮಗಿರಿಯ ವಿಷಯ ಬಂದಾಗಲೆಲ್ಲ ಒಂದು ಮಾತು ಕೇಳಿಬರುತ್ತದೆ: "ಯುರೋಪಿನವರನ್ನೇ ಯಾಕೆ ದೂರುತ್ತೀರಿ? ಆಫ್ರಿಕಾದ ರಾಜರೇ ತಮ್ಮ ಜನರನ್ನು ಮಾರಿದರಲ್ಲ!" ಓದಿಕೊಂಡವರೂ ಹೀಗೆ ಹೇಳಿ, ಲೆಕ್ಕ ಚುಕ್ತಾ ಆಯಿತು ಎಂಬಂತೆ ಸುಮ್ಮನಾಗುತ್ತಾರೆ. ನನಗೆ ಸಿಟ್ಟು ಬರುತ್ತದೆ. ಮಾರಿದ ರಾಜರು ಇದ್ದರು, ಮಾರಿ ಸಿರಿವಂತರಾದವರೂ ಇದ್ದರು, ಅಫೋನ್ಸೋ ಕೂಡ ಮಾರಿದವನೇ. ನನ್ನ ಸಿಟ್ಟು ಆ ಮಾತು ಅಲ್ಲಿಗೇ ನಿಂತುಬಿಡುತ್ತದಲ್ಲ ಎಂಬುದರ ಮೇಲೆ. ಯಾರು ಯಾರನ್ನು ಮಾರಿದರು, ಯಾವ ಕಾಲದಲ್ಲಿ, ಯಾವ ಒತ್ತಡಕ್ಕೆ ಸಿಕ್ಕಿ, ಬೇಡ ಎಂದವರ ಗತಿ ಏನಾಯಿತು ಎಂದು ವಿಚಾರಿಸುವ ತಾಳ್ಮೆ ಅದಕ್ಕಿಲ್ಲ. ಅಫೋನ್ಸೋ ಬರೆಸಿದ ಪತ್ರಗಳಲ್ಲಿ ಇಪ್ಪತ್ತಕ್ಕೂ ಹೆಚ್ಚು ಇವತ್ತಿಗೂ ಉಳಿದಿವೆ. ಈ ಪ್ರಶ್ನೆಗಳನ್ನೆಲ್ಲ ಇಟ್ಟುಕೊಂಡು ಓದಬೇಕಾದ ದಾಖಲೆಗಳು ಅವು. ಆಫ್ರಿಕಾದ ಅರಸನೊಬ್ಬ ಅಷ್ಟು ಹಿಂದೆ ತನ್ನ ಕಷ್ಟವನ್ನು ತಾನೇ ಹೇಳಿಕೊಂಡದ್ದು ಹೀಗೆ ಕಾಗದದ ಮೇಲೆ ಸಿಗುವುದು ಬಲು ಅಪರೂಪ.

ಇವತ್ತಿನ ಭೂಪಟದಲ್ಲಿ ಕಾಂಗೋ ಹೆಸರಿನ ಎರಡು ದೇಶಗಳಿವೆ. ಅಫೋನ್ಸೋ ಆಳಿದ ಕಾಂಗೋದ ತಿರುಳು ಇದ್ದದ್ದು ಅವುಗಳ ದಕ್ಷಿಣಕ್ಕೆ, ಇಂದಿನ ಅಂಗೋಲಾದ ಉತ್ತರ ಭಾಗದಲ್ಲಿ. ರಾಜಧಾನಿ ಎಂಬಾಂಜಾ ಕಾಂಗೋ ಎತ್ತರದ ಪ್ರಸ್ಥಭೂಮಿಯ ಮೇಲಿತ್ತು. ಎಂಬಾಟಾ, ಎನ್ಸುಂಡಿ, ಸೋಯೋ ಮುಂತಾದ ಪ್ರಾಂತಗಳ ಅಧಿಕಾರಿಗಳು ಅಲ್ಲಿಗೆ ಕಪ್ಪ ತಂದೊಪ್ಪಿಸುತ್ತಿದ್ದರು. ಲುವಾಂಡಾ ದ್ವೀಪದ ಕಡಲಲ್ಲಿ ಹೆಂಗಸರು ಮುಳುಗಿ ತೆಗೆಯುತ್ತಿದ್ದ ಎನ್‌ಜಿಂಬು ಎಂಬ ಪುಟ್ಟ ಚಿಪ್ಪುಗಳೇ ಅಲ್ಲಿನ ಹಣ, ಆ ದ್ವೀಪದ ಮೇಲೆ ಅರಸನಿಗೊಬ್ಬನಿಗೇ ಹಕ್ಕು. ರಾಫಿಯಾ ತಾಳೆಯ ನಾರಿನಿಂದ ನೇಯ್ದ ಅಲ್ಲಿನ ಬಟ್ಟೆಯನ್ನು ನೋಡಿದ ಪೋರ್ಚುಗೀಸರು ಅದನ್ನು ಮಖಮಲ್ಲಿಗೆ ಹೋಲಿಸಿದ್ದಾರೆ. ತಾಮ್ರ ಇತ್ತು, ದಂತ ಇತ್ತು, ದೂರದೂರದ ಸಂತೆಗಳನ್ನು ಕೂಡಿಸುವ ದಾರಿಗಳಿದ್ದವು. ಗುಲಾಮರೂ ಇದ್ದರು. ಯುದ್ಧದಲ್ಲಿ ಸೆರೆಸಿಕ್ಕವರು, ಅಪರಾಧಕ್ಕಾಗಿ ಶಿಕ್ಷೆಗೊಳಗಾದವರು ಸಿರಿವಂತರ ಮನೆಗಳಲ್ಲಿ, ಹೊಲಗಳಲ್ಲಿ ದುಡಿಯುತ್ತಿದ್ದರು. ಇದನ್ನು ಮರೆಮಾಚಿ ಕಾಂಗೋವನ್ನು ರಾಮರಾಜ್ಯ ಮಾಡುವ ಅಗತ್ಯವಿಲ್ಲ. ಆದರೆ ಹಡಗು ತುಂಬ ಮನುಷ್ಯರನ್ನು ಹೇರಿ ಸಾಗರದಾಚೆಗೆ ಕಳುಹಿಸುವ, ಹೋದವರು ಎಂದೂ ಮರಳದ, ಹುಟ್ಟಿದ ಮಕ್ಕಳೂ ಹುಟ್ಟುಗುಲಾಮರೇ ಆಗುವ ವ್ಯವಸ್ಥೆಗೂ ಅದಕ್ಕೂ ಅಂತರ ದೊಡ್ಡದು.

ಡಿಯೋಗೋ ಕಾವ್ ಎಂಬ ಪೋರ್ಚುಗೀಸ್ ನಾವಿಕ ಕಾಂಗೋ ನದಿಯ ಅಳಿವೆಗೆ ಬಂದು ಕಲ್ಲಿನ ಕಂಬ ನೆಟ್ಟದ್ದು 1483ರಲ್ಲಿ. 1491ರಲ್ಲಿ ಅರಸ ಎನ್‌ಜಿಂಗಾ ಎ ಎನ್ಕುವು ಕ್ರೈಸ್ತ ದೀಕ್ಷೆ ಪಡೆದ, ಅವನ ಮಗ ಎಂವೆಂಬಾನೂ ಪಡೆದು ಅಫೋನ್ಸೋ ಆದ. ತಂದೆಯ ಉತ್ಸಾಹ ಬೇಗ ಆರಿತು, ಮಗನದು ಆರಲಿಲ್ಲ. ತಂದೆ ತೀರಿಕೊಂಡ ಮೇಲೆ ಪಟ್ಟಕ್ಕಾಗಿ ಮಲಸಹೋದರನೊಡನೆ ಯುದ್ಧವಾಯಿತು. ಸಂತ ಯಾಗೊ ಕುದುರೆ ಸವಾರರೊಂದಿಗೆ ಆಕಾಶದಲ್ಲಿ ಕಾಣಿಸಿಕೊಂಡು ತನ್ನನ್ನು ಗೆಲ್ಲಿಸಿದ ಎಂದು ಅಫೋನ್ಸೋ ಜೀವಮಾನವಿಡೀ ಹೇಳಿಕೊಂಡ.

ಅವನು ಪಟ್ಟವೇರಿದ್ದು 1509ರ ಆಸುಪಾಸಿನಲ್ಲಿ. ಕನ್ನಡ ಓದುಗರಿಗೆ ಆ ಇಸವಿ ಕೇಳಿದ ಕೂಡಲೇ ಹಂಪಿ ನೆನಪಾಗುತ್ತದೆ. ಕೃಷ್ಣದೇವರಾಯ ಸಿಂಹಾಸನಕ್ಕೆ ಬಂದದ್ದೂ ಆಗಲೇ, 1509ರಲ್ಲಿ. ಮರುವರ್ಷ ಗೋವಾ ಪೋರ್ಚುಗೀಸರ ವಶವಾಯಿತು. ಲಿಸ್ಬನ್‌ನಲ್ಲಿ ಕುಳಿತಿದ್ದ ಮನುವೆಲ್ ಎಂಬ ಒಬ್ಬನೇ ದೊರೆಯ ಆಳುಗಳು ಈ ಎರಡು ಆಸ್ಥಾನಗಳೊಂದಿಗೂ ಮಾತುಕತೆ ನಡೆಸುತ್ತಿದ್ದರು. ವಿಜಯನಗರಕ್ಕೆ ಅವರಿಂದ ಬೇಕಾಗಿದ್ದದ್ದು ಕುದುರೆ. ಅದಕ್ಕೆ ಕೊಡಲು ರಾಯನ ಬಳಿ ಚಿನ್ನವಿತ್ತು. ಅವನ ಸೀಮೆಯಲ್ಲಿ ಬಟ್ಟೆಯಿತ್ತು, ಅಕ್ಕಿಯಿತ್ತು, ವಜ್ರವಿತ್ತು. ಕೊಳ್ಳಲು ಅರಬರು, ಪರ್ಷಿಯನ್ನರು, ಮಲಬಾರಿನ ವರ್ತಕರು ಸಾಲುಗಟ್ಟಿದ್ದರು. ಪೋರ್ಚುಗೀಸರು ಅಲ್ಲಿ ಬಂದುಹೋಗುವ ಹಲವರಲ್ಲಿ ಒಬ್ಬರು. ಕಾಂಗೋಗೆ ಈ ಅನುಕೂಲ ಇರಲಿಲ್ಲ. ಅದರ ಕಡಲಿಗೆ ಬಂದ ಪರದೇಶದ ಹಡಗುಗಳೆಂದರೆ ಹೆಚ್ಚುಕಡಿಮೆ ಪೋರ್ಚುಗೀಸರವು ಮಾತ್ರ. ಯುರೋಪಿಗೆ ಒಂದು ಪತ್ರ ಹೋಗಬೇಕಾದರೂ, ಒಬ್ಬ ರಾಯಭಾರಿ ರೋಮಿಗೆ ತಲುಪಬೇಕಾದರೂ ಅವರ ಹಡಗನ್ನೇ ಹತ್ತಬೇಕಿತ್ತು. ಸಮುದ್ರ ದಾಟುವ ಒಂದು ಹಡಗನ್ನು ಕೊಂಡುಕೊಳ್ಳಲು ಬಿಡಿ ಎಂದು ಅಫೋನ್ಸೋ ಕೇಳಿಕೊಂಡಿದ್ದ. ಕೊಡಲಿಲ್ಲ. ನನ್ನ ಮಟ್ಟಿಗೆ ಈ ಕಥೆಯ ಕೀಲು ಇರುವುದು ಇಲ್ಲಿ.

ಅಫೋನ್ಸೋ ಎಂಥ ಮನುಷ್ಯ ಎಂಬುದಕ್ಕೆ ರುಯಿ ದ ಅಗಿಯಾರ್ ಎಂಬ ಪಾದ್ರಿ 1516ರಲ್ಲಿ ಬರೆದ ಪತ್ರವೊಂದಿದೆ. ಈ ಅರಸ ಓದುವುದು ಬಿಟ್ಟರೆ ಬೇರೇನೂ ಮಾಡುವುದಿಲ್ಲ, ಎಷ್ಟೋ ಸಲ ಪುಸ್ತಕದ ಮೇಲೆಯೇ ನಿದ್ದೆಹೋಗುತ್ತಾನೆ, ದೇವರ ವಿಷಯ ಮಾತಾಡುತ್ತಾ ಅನ್ನ ನೀರು ಮರೆಯುತ್ತಾನೆ, ಪ್ರವಾದಿಗಳ ಬಗ್ಗೆ, ಸುವಾರ್ತೆಯ ಬಗ್ಗೆ ನಮಗಿಂತ ಅವನಿಗೇ ಹೆಚ್ಚು ಗೊತ್ತು ಎನ್ನುತ್ತಾನೆ ಆ ಪಾದ್ರಿ. ಸರದಾರರ ಮಕ್ಕಳಿಗೆ ಅವನು ಶಾಲೆ ತೆರೆದಿದ್ದ, ಹೆಣ್ಣುಮಕ್ಕಳಿಗೆ ಅವನ ತಂಗಿಯೇ ಪಾಠ ಹೇಳುತ್ತಿದ್ದಳು. ಪೋರ್ಚುಗಲ್‌ನ ಕಾನೂನಿನ ದಪ್ಪ ಹೊತ್ತಗೆಗಳನ್ನು ತರಿಸಿಕೊಂಡು ಓದಿದ. ಸಣ್ಣಪುಟ್ಟ ತಪ್ಪಿಗೂ ಅದರಲ್ಲಿದ್ದ ಶಿಕ್ಷೆಗಳನ್ನು ನೋಡಿ ಆಸ್ಥಾನದಲ್ಲಿದ್ದ ಕಾಸ್ತ್ರೊ ಎಂಬ ಪೋರ್ಚುಗೀಸನನ್ನು ಹೀಗೆ ಕೇಳಿದನಂತೆ: "ಕಾಸ್ತ್ರೊ, ನಿಮ್ಮ ದೇಶದಲ್ಲಿ ನೆಲಕ್ಕೆ ಕಾಲಿಟ್ಟವನಿಗೆ ಏನು ಶಿಕ್ಷೆ?" ಆ ಕಾಲದ ಪೋರ್ಚುಗೀಸ್ ಇತಿಹಾಸಕಾರನೊಬ್ಬ ದಾಖಲಿಸಿರುವ ಮಾತಿದು. ಹೊರಗಿನಿಂದ ಬಂದದ್ದೆಲ್ಲಕ್ಕೂ ತಲೆದೂಗುವ ಆಸಾಮಿ ಇವನಲ್ಲ. ಆರಿಸಿ ತೆಗೆದುಕೊಳ್ಳಲು ಹೊರಟವನು. ಅವನ ಮಗ ಹೆನ್ರಿಕ್ ಪೋರ್ಚುಗಲ್‌ನಲ್ಲಿ ಓದಿ, 1518ರಲ್ಲಿ ಪೋಪರಿಂದ ಬಿಷಪ್ ಪದವಿ ಪಡೆದು 1521ರಲ್ಲಿ ಊರಿಗೆ ಮರಳಿದ.

ಇಷ್ಟರಲ್ಲಿ ಕಡಲಿನಲ್ಲಿ ಬೇರೊಂದು ಕೆಲಸ ನಡೆದಿತ್ತು. ಗಿನಿ ಕೊಲ್ಲಿಯಲ್ಲಿ ಸಾವ್ ತೊಮೆ ಎಂಬ ಜನವಸತಿಯಿಲ್ಲದ ದ್ವೀಪವಿತ್ತು. 15ನೆಯ ಶತಮಾನದ ಕೊನೆಯಲ್ಲಿ ಪೋರ್ಚುಗೀಸರು ಅಲ್ಲಿ ನೆಲೆಯೂರಿ ಕಬ್ಬು ಹಾಕಿದರು. 1493ರಲ್ಲಿ ಪೋರ್ಚುಗಲ್‌ನಲ್ಲಿದ್ದ ಯಹೂದಿ ಕುಟುಂಬಗಳ ಮಕ್ಕಳನ್ನು ತಾಯ್ತಂದೆಯರಿಂದ ಕಿತ್ತು ಆ ದ್ವೀಪಕ್ಕೆ ಒಯ್ದರು, ಬಹಳಷ್ಟು ಮಕ್ಕಳು ಅಲ್ಲಿಯೇ ಸತ್ತವು. ಕಬ್ಬು ಕಡಿಯುವುದು, ಅರೆಯುವುದು, ರಸ ಕುದಿಸುವುದು ಎಲ್ಲಕ್ಕೂ ಆಳು ಬೇಕು, ಆ ಆಳುಗಳು ಎದುರಿನ ಕರಾವಳಿಯಿಂದ ಬರಬೇಕು. ಇದಲ್ಲದೆ ಚಿನ್ನದ ಕರಾವಳಿಯ ಎಲ್ಮಿನಾದಲ್ಲಿ, ಅಂದರೆ ಇಂದಿನ ಘಾನಾದಲ್ಲಿ, ಪೋರ್ಚುಗೀಸರು 1482ರಲ್ಲಿ ಕಟ್ಟಿದ ಕೋಟೆಯಿತ್ತು. ಅಲ್ಲಿನ ಅಕಾನ್ ವರ್ತಕರಿಗೆ ಗುಲಾಮರನ್ನು ಕೊಟ್ಟು ಚಿನ್ನ ಪಡೆಯುವುದು ಇನ್ನೊಂದು ದಂಧೆ. ಆಫ್ರಿಕಾದಿಂದ ತಂದವರನ್ನು ಆಫ್ರಿಕಾದಲ್ಲೇ ಮಾರುತ್ತಿದ್ದರು! ಅಮೆರಿಕದ ತೋಟಗಳು ತಲೆಯೆತ್ತುವ ಮುಂಚೆಯೇ ಮನುಷ್ಯರನ್ನು ನುಂಗುವ ಈ ಯಂತ್ರ ಸಾವ್ ತೊಮೆಯಲ್ಲಿ ತಿರುಗತೊಡಗಿತ್ತು. ಬ್ರೆಜಿಲ್‌ನಲ್ಲಿ, ಕೆರಿಬಿಯನ್ ದ್ವೀಪಗಳಲ್ಲಿ ನೂರಾರು ಪಟ್ಟು ದೊಡ್ಡದಾಗಿ ನಡೆದದ್ದಕ್ಕೆ ಇಲ್ಲಿಯೇ ಅಡಿಪಾಯ ಬಿತ್ತು.

1512ರಲ್ಲಿ ಮನುವೆಲ್ ದೊರೆ ಕಾಂಗೋಗೆ ಒಂದು ನಿಯೋಗ ಕಳುಹಿಸಿದ. ಅದರ ಮುಖ್ಯಸ್ಥನಿಗೆ ಕೊಟ್ಟ ಆದೇಶಪತ್ರದಲ್ಲಿ ನಡೆ, ನುಡಿ, ಧರ್ಮ, ನ್ಯಾಯ ಎಲ್ಲದರ ಬಗ್ಗೆಯೂ ಉಪದೇಶಗಳಿವೆ. ನಡುವೆ ಒಂದು ಸೂಚನೆಯೂ ಇದೆ: ಈ ಯಾತ್ರೆಗೆ ನಮಗೆ ಬಹಳ ಖರ್ಚಾಗಿದೆ, ಬರಿಗೈಯಲ್ಲಿ ಮರಳುವುದು ಸರಿಯಲ್ಲ. ನಮ್ಮ ಮುಖ್ಯ ಆಸೆ ದೇವರ ಸೇವೆಯೇ ಆದರೂ, ಗುಲಾಮರಿಂದಲೋ ತಾಮ್ರದಿಂದಲೋ ದಂತದಿಂದಲೋ ಹಡಗು ತುಂಬಿಸಬೇಕೆಂಬುದನ್ನು ಆ ಅರಸನಿಗೆ ತಿಳಿಯಹೇಳು. ಅಫೋನ್ಸೋ ತುಂಬಿಸಿ ಕಳುಹಿಸಿದ. ಕಲಿಸುವವರು, ಕಲ್ಲುಕುಟಿಗರು, ಬಡಗಿಗಳು, ಪಾದ್ರಿಗಳು ಬರಲಿ ಎಂದು ತಾಮ್ರದ ಕಡಗಗಳನ್ನೂ ಗುಲಾಮರನ್ನೂ ಕೊಟ್ಟ. ಆ ಗುಲಾಮರು ಯುದ್ಧದ ಸೆರೆಯಾಳುಗಳು, ತನ್ನ ಪ್ರಜೆಗಳಲ್ಲ ಎಂಬುದು ಅವನ ಸಮಾಧಾನ. ಅವನು ಬೇಡಿದಂತೆ ಬಂದವರಲ್ಲಿ ಹಲವರು ಬೇಗ ಕಸುಬು ಬಿಟ್ಟರು. ಕಲಿಸಲು ಬಂದ ಪಾದ್ರಿಗಳೇ ಗುಲಾಮರನ್ನು ಕೊಂಡು, ಮನೆ ತುಂಬ ಹೆಂಗಸರನ್ನು ಇಟ್ಟುಕೊಂಡರು ಎಂದು 1514ರ ಪತ್ರದಲ್ಲಿ ದೂರಿದ್ದಾನೆ. ಸಾವ್ ತೊಮೆಯ ಅಧಿಪತಿಯಂತೂ ಲಿಸ್ಬನ್‌ಗೆ ಹೋಗುವ ಪತ್ರ, ಕಾಣಿಕೆ, ರಾಯಭಾರಿ ಯಾವುದನ್ನೂ ಸುಸೂತ್ರವಾಗಿ ದಾಟಲು ಬಿಡಲಿಲ್ಲ.

1526ರ ಹೊತ್ತಿಗೆ ಪರಿಸ್ಥಿತಿ ಕೈಮೀರಿತ್ತು. ಅರಸನ ಅಪ್ಪಣೆಯಿಂದಷ್ಟೇ ಹಂಚಿಕೆಯಾಗುತ್ತಿದ್ದ ಹೊರಗಿನ ಸರಕನ್ನು ಈಗ ವ್ಯಾಪಾರಿಗಳು ನೇರವಾಗಿ ಹಳ್ಳಿಹಳ್ಳಿಗೆ ಒಯ್ಯುತ್ತಿದ್ದರು. ಬಟ್ಟೆ, ಮದ್ಯ, ಒಡವೆ ಬೇಕಾದ ಸಣ್ಣ ಸರದಾರನೊಬ್ಬ ಅರಸನನ್ನು ಕೇಳಬೇಕಾಗಿಲ್ಲ, ಒಬ್ಬ ಮನುಷ್ಯನನ್ನು ಹಿಡಿದು ಕೊಟ್ಟರೆ ಆಯಿತು. ನೆನ್ನೆಯವರೆಗೆ ನಮಗೆ ತಲೆಬಾಗುತ್ತಿದ್ದ ಸಾಮಂತರು ಈಗ ನಮಗಿಂತ ಹೆಚ್ಚು ಸರಕು ಇಟ್ಟುಕೊಂಡು ಮಾತು ಕೇಳುತ್ತಿಲ್ಲ ಎಂದು ಅಫೋನ್ಸೋ ಬರೆಯುತ್ತಾನೆ. ಗುಲಾಮರ ವ್ಯಾಪಾರ ಒಂದು ರಾಜ್ಯದ ಒಳಗೆ ಮಾಡುವ ಕೆಲಸ ಏನೆಂಬುದನ್ನು ಇದಕ್ಕಿಂತ ಸ್ಪಷ್ಟವಾಗಿ ಯಾರೂ ಹೇಳಲಾರರು. ಅದು ಜನರನ್ನು ಕದಿಯುತ್ತದೆ, ಜೊತೆಗೆ ರಾಜ್ಯವನ್ನು ಕೂಡಿಸಿಟ್ಟ ವಿಧೇಯತೆಯನ್ನೂ ಸರಕಿಗೆ ಮಾರಿಬಿಡುತ್ತದೆ.

ಅದೇ ವರ್ಷ ಅಕ್ಟೋಬರ್ 18ರ ಪತ್ರ ಇನ್ನೂ ಕಟುವಾಗಿದೆ. ಪೋರ್ಚುಗಲ್‌ನಿಂದ ಬರುವ ವಸ್ತುಗಳ ಆಸೆಗೆ ಬಿದ್ದ ನಮ್ಮವರೇ ನಮ್ಮವರನ್ನು ಹಿಡಿಯುತ್ತಿದ್ದಾರೆ ಎಂದು ಅವನು ಮುಚ್ಚುಮರೆಯಿಲ್ಲದೆ ಒಪ್ಪಿಕೊಳ್ಳುತ್ತಾನೆ. ಸ್ವತಂತ್ರರನ್ನು, ಸರದಾರರ ಮಕ್ಕಳನ್ನು ಕದ್ದು, ಅಡಗಿಸಿ, ರಾತ್ರಿಯ ಕತ್ತಲಲ್ಲಿ ಬಿಳಿಯರಿಗೆ ಒಪ್ಪಿಸುತ್ತಾರೆ. ಬಿಳಿಯರ ಕೈಸೇರಿದ ಕೂಡಲೇ ಅವರ ಮೈಮೇಲೆ ಕಾದ ಕಬ್ಬಿಣದ ಮುದ್ರೆ ಬೀಳುತ್ತದೆ. ನಮ್ಮ ಕಾವಲಿನವರು ಹೋಗಿ ಹಿಡಿದರೆ, ನಾವು ಕೊಂಡಿದ್ದೇವೆ ಎನ್ನುತ್ತಾರೆ. ಯಾರಿಂದ ಎಂದರೆ ಹೇಳಲಾರರು. ಆ ಮುದ್ರೆಯೇ ಖರೀದಿಪತ್ರ! ಒಮ್ಮೆ ಚರ್ಮ ಸುಟ್ಟಿತೆಂದರೆ ಅವನು ಯಾರ ಮಗ, ಯಾವ ಊರಿನವನು ಎಂಬ ಪ್ರಶ್ನೆಗಳಿಗೆ ಬೆಲೆಯೇ ಇಲ್ಲ. ಇದನ್ನು ತಡೆಯಲು ಅಫೋನ್ಸೋ ಮೂವರು ಅಧಿಕಾರಿಗಳನ್ನು ನೇಮಿಸಿದ. ಗುಲಾಮರನ್ನು ಕೊಳ್ಳುವ ಪ್ರತಿಯೊಬ್ಬ ವ್ಯಾಪಾರಿಯೂ ಮೊದಲು ಅವರ ಮುಂದೆ ವಿಷಯ ತಿಳಿಸಬೇಕು, ಹಿಡಿದು ತಂದವರು ನಿಜಕ್ಕೂ ಸೆರೆಯಾಳುಗಳೋ ಸ್ವತಂತ್ರರೋ ಎಂದು ಅವರು ವಿಚಾರಿಸಿದ ಮೇಲೆಯೇ ಸಾಗಿಸಬೇಕು. ಅದೇ ದಿನ ಇನ್ನೊಂದು ಪತ್ರದಲ್ಲಿ ಇಬ್ಬರು ವೈದ್ಯರು, ಇಬ್ಬರು ಔಷಧ ತಯಾರಕರು, ಒಬ್ಬ ಶಸ್ತ್ರವೈದ್ಯನನ್ನು ಕಳುಹಿಸಿ ಎಂದು ಬೇಡಿಕೊಂಡ.

ಮೂರನೆಯ ಜೊವಾವ್‌ನ ಉತ್ತರ 1529ರದು. ಗುಲಾಮರ ವ್ಯಾಪಾರದಿಂದ ನಾಡು ಬರಿದಾಗುತ್ತಿದೆ ಎಂದು ನೀವು ಹೇಳುತ್ತೀರಿ, ಆದರೆ ಕಾಂಗೋ ಎಷ್ಟು ವಿಶಾಲ, ಅಲ್ಲಿ ಜನ ಎಷ್ಟು ದಟ್ಟ ಎಂದರೆ ಒಬ್ಬ ಗುಲಾಮನೂ ಅಲ್ಲಿಂದ ಹೊರಬಿದ್ದಂತೆ ಕಾಣುವುದಿಲ್ಲ ಎಂದು ಅಲ್ಲಿರುವ ಪೋರ್ಚುಗೀಸರು ನನಗೆ ಹೇಳಿದ್ದಾರೆ ಎಂದು ಅವನು ಬರೆದ. ಆ ಸಾಲನ್ನು ಎಷ್ಟು ಸಲ ಓದಿದರೂ ಮನಸ್ಸು ಕುದಿಯುತ್ತದೆ. ಮಕ್ಕಳು ಕಾಣೆಯಾಗುತ್ತಿದ್ದಾರೆ ಎಂದು ಒಬ್ಬ ಹೇಳಿದರೆ, ನಿಮ್ಮಲ್ಲಿ ಇನ್ನೂ ಬೇಕಾದಷ್ಟು ಮಕ್ಕಳಿದ್ದಾರಲ್ಲ ಎಂಬ ಉತ್ತರ.

ಇಷ್ಟಕ್ಕೆ ನಿಲ್ಲಿಸಿ ಅಫೋನ್ಸೋನನ್ನು ಗುಲಾಮಗಿರಿಯ ವಿರುದ್ಧ ಸಿಡಿದೆದ್ದ ವೀರ ಎಂದು ಕೊಂಡಾಡುವುದು ಸುಲಭ. ಹಾಗೆ ಬರೆದವರೂ ಬಹಳ. ಆದರೆ 1540ರಲ್ಲಿ ಅವನೇ ಬರೆಸಿದ ಮತ್ತೊಂದು ಪತ್ರವಿದೆ. ಗಿನಿಯ ದೇಶಗಳನ್ನೆಲ್ಲ ಒಂದು ಕಡೆ ಇಡಿ, ಕಾಂಗೋವೊಂದನ್ನೇ ಇನ್ನೊಂದು ಕಡೆ ಇಡಿ, ನಿಮಗೆ ಹೆಚ್ಚು ಲಾಭ ಕೊಡುವುದು ಕಾಂಗೋವೇ; ಪೋರ್ಚುಗಲ್‌ನ ಸರಕಿಗೆ ನಮ್ಮಷ್ಟು ಬೆಲೆ ಕೊಡುವ ಅರಸ ಈ ಸೀಮೆಯಲ್ಲಿ ಬೇರೆ ಯಾರೂ ಇಲ್ಲ; ವ್ಯಾಪಾರಕ್ಕೆ ನಾವೇ ಆಸರೆ, ಅದಕ್ಕಾಗಿ ಸಂತೆಗಳನ್ನೂ ದಾರಿಗಳನ್ನೂ ತೆರೆದಿದ್ದೇವೆ ಎಂದು ಅದರಲ್ಲಿ ಹೇಳಿಕೊಂಡಿದ್ದಾನೆ. ಆ ಸಂತೆಗಳಲ್ಲಿ ಮುಖ್ಯವಾದದ್ದು ಒಳನಾಡಿನ ಎಂಪುಂಬು, ಇಂದಿನ ಕಿನ್ಶಾಸಾ ಇರುವ ನದಿಯ ಬಯಲಿನ ಕಡೆಗೆ. ಅಲ್ಲಿ ಮಾರಾಟವಾಗುತ್ತಿದ್ದವರು ಕಾಂಗೋದ ಗಡಿಯಾಚೆಯ ಜನ. 1526ರಲ್ಲಿ ಅವನ ಎದೆ ಉರಿದದ್ದು ತನ್ನ ಪ್ರಜೆಗಳಿಗಾಗಿ. ಗಡಿಯಾಚೆಯ ಪ್ರಜೆಗಳ ವಿಷಯದಲ್ಲಿ ಆ ಉರಿ ಕಾಣುವುದಿಲ್ಲ.

ಈ ಎರಡು ಪತ್ರಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡುವುದು ಕಷ್ಟ, ಆದರೆ ನೋಡಲೇಬೇಕು. ಮೊದಲನೆಯದನ್ನು ಮಾತ್ರ ಓದಿದವರಿಗೆ ದೇವರಂಥ ಅರಸ ಸಿಗುತ್ತಾನೆ, ಎರಡನೆಯದನ್ನು ಮಾತ್ರ ಓದಿದವರಿಗೆ ದಲ್ಲಾಳಿ ಸಿಗುತ್ತಾನೆ. ಎರಡನ್ನೂ ಬರೆಸಿದವನು ಒಬ್ಬನೇ. ನಿಲ್ಲಿಸಲು ನೋಡಿದ, ಆಗಲಿಲ್ಲ. ನಿಲ್ಲಿಸಲಾಗದ್ದನ್ನು ತನ್ನ ಹಿಡಿತದಲ್ಲಾದರೂ ಇಟ್ಟುಕೊಳ್ಳಲು ಹೊರಟ, ಅನ್ಯರನ್ನು ಕೊಟ್ಟು ತನ್ನವರನ್ನು ಉಳಿಸಿಕೊಳ್ಳುವ ಲೆಕ್ಕ ಹಾಕಿದ. ಆ ಲೆಕ್ಕ ಕ್ರೂರವಾದದ್ದು, ಅದರ ಹೊಣೆಯೂ ಅವನದೇ. ಆದರೆ ಆ ಲೆಕ್ಕ ಹಾಕುವ ಸ್ಥಿತಿಗೆ ಅವನನ್ನು ತಂದು ನಿಲ್ಲಿಸಿದವರ ಹೊಣೆ ಇದರಿಂದ ಒಂದು ಗುಂಜಿಯಷ್ಟೂ ಕಡಿಮೆಯಾಗುವುದಿಲ್ಲ. ಕೊಳ್ಳುವವನು, ಹಡಗಿನವನು, ಕಬ್ಬಿನ ತೋಟದವನು, ದರ ಕಟ್ಟುವವನು ಎಲ್ಲರೂ ಒಂದೇ ಕಡೆಯವರಾಗಿದ್ದರು.

ಬೇಡ ಎಂದು ಹೇಳಿ ಗೆದ್ದವರೇ ಇರಲಿಲ್ಲವೇ? ಇದ್ದರು. ಇಂದಿನ ನೈಜೀರಿಯಾದ ಬೆನಿನ್ ರಾಜ್ಯದ ಅರಸರು 16ನೆಯ ಶತಮಾನದ ಆರಂಭದಲ್ಲಿಯೇ ಗಂಡಾಳುಗಳನ್ನು ಹೊರಗೆ ಮಾರುವುದನ್ನು ತಡೆದರು, ಆ ಕಟ್ಟಳೆ ಬಹುಕಾಲ ನಡೆಯಿತು. ಅವರಿಗೆ ಅದು ಸಾಧ್ಯವಾಯಿತು, ಯಾಕೆಂದರೆ ಮಾರಲು ಮೆಣಸಿತ್ತು, ದಂತವಿತ್ತು, ಸ್ವಂತ ಬಟ್ಟೆಯಿತ್ತು, ಕೊಳ್ಳಲು ಬೇರೆ ಬೇರೆ ದೇಶಗಳ ಹಡಗುಗಳೂ ಬರತೊಡಗಿದವು. ಒಳ್ಳೆಯತನದಲ್ಲಿ ಬೆನಿನ್ ದೊಡ್ಡದು, ಕಾಂಗೋ ಚಿಕ್ಕದು ಎಂದು ನಾನು ಒಪ್ಪುವುದಿಲ್ಲ. ಬೆನಿನ್‌ಗೆ ಬೇರೆ ದಾರಿಗಳಿದ್ದವು, ಕಾಂಗೋಗೆ ಇರಲಿಲ್ಲ.

ಅಫೋನ್ಸೋನ ಕೊನೆಯ ವರ್ಷಗಳನ್ನು ಓದುವಾಗ ಹೊಟ್ಟೆಯಲ್ಲಿ ಸಂಕಟವಾಗುತ್ತದೆ. ಓದಲೆಂದು ಯುರೋಪಿಗೆ ಕಳುಹಿಸಿದ ಅವನ ನೆಂಟರ ಮಕ್ಕಳಲ್ಲಿ ಕೆಲವರು ದಾರಿಯಲ್ಲೇ ಸಾವ್ ತೊಮೆಯಲ್ಲಿ ಉಳಿದುಹೋದರು, ಕೆಲವರು ಗುಲಾಮರಾಗಿ ಬ್ರೆಜಿಲ್ ಸೇರಿದರು. ಬಿಷಪ್ ಮಗ ತಂದೆಗಿಂತ ಮೊದಲೇ ತೀರಿಕೊಂಡ. 1540ರ ಹೊತ್ತಿಗೆ, ಈಸ್ಟರ್ ಹಬ್ಬದ ದಿನ ಇಗರ್ಜಿಯೊಳಗೇ ಪೋರ್ಚುಗೀಸರು ಅವನ ಮೇಲೆ ಗುಂಡು ಹಾರಿಸಿದರು. ಗುಂಡು ನಿಲುವಂಗಿಯ ಅಂಚನ್ನು ತೂರಿಹೋಗಿ ಅರಸ ಉಳಿದ, ಜೊತೆಗಿದ್ದ ಸರದಾರನೊಬ್ಬ ಸತ್ತ. ಅದಾಗಿ ಬಹಳ ದಿನ ಅವನು ಬದುಕಲಿಲ್ಲ.

ಮುಂದಿನದನ್ನು ಬೇಗ ಹೇಳಿ ಮುಗಿಸುತ್ತೇನೆ. 1575ರಲ್ಲಿ ಪೋರ್ಚುಗೀಸರು ಕಾಂಗೋದ ದಕ್ಷಿಣಕ್ಕೆ ಲುವಾಂಡಾದಲ್ಲಿ ತಮ್ಮದೇ ವಸಾಹತು ಕಟ್ಟಿದರು. ಆಮೇಲೆ ಯಾವ ಅರಸನ ಅಪ್ಪಣೆಯೂ ಬೇಕಾಗಲಿಲ್ಲ, ಯುದ್ಧ ಮಾಡಿ ಜನರನ್ನು ಹಿಡಿಯತೊಡಗಿದರು. 1619ರಲ್ಲಿ ಇಂಗ್ಲಿಷರ ವರ್ಜೀನಿಯಾಕ್ಕೆ ಬಂದಿಳಿದ "ಇಪ್ಪತ್ತು ಮತ್ತು ಚಿಲ್ಲರೆ" ಆಫ್ರಿಕನ್ನರು ಲುವಾಂಡಾದಿಂದ ಹೊರಟ ಹಡಗಿನವರು. ಎನ್ಡೊಂಗೋ ಮತ್ತು ಮಟಾಂಬಾದ ರಾಣಿ ಎನ್‌ಜಿಂಗಾ ಹತ್ತಾರು ವರ್ಷ ಈ ವಸಾಹತಿನ ವಿರುದ್ಧ ಕಾದಾಡಿದಳು, ಸಂಧಿ ಮಾಡಿಕೊಂಡಳು, ಅಗತ್ಯ ಬಿದ್ದಾಗ ತಾನೂ ಸೆರೆಯಾಳುಗಳನ್ನು ಮಾರಿದಳು. 1665ರ ಅಕ್ಟೋಬರ್ 29ರಂದು ಎಂಬ್ವಿಲಾ ಎಂಬಲ್ಲಿ ಕಾಂಗೋದ ಅರಸ ಒಂದನೆಯ ಅಂತೋನಿಯೊ ಪೋರ್ಚುಗೀಸ್ ಸೇನೆಯ ಎದುರು ಹತನಾದ. ಅವನ ತಲೆಯನ್ನು ಕಡಿದು ಲುವಾಂಡಾಕ್ಕೆ ಒಯ್ದರು. ಆಗ ಅಂಗೋಲಾದ ಗವರ್ನರ್ ಆಗಿದ್ದವನು ಬ್ರೆಜಿಲ್‌ನಿಂದ ಬಂದವನು, ಅಲ್ಲಿನ ಸಕ್ಕರೆ ನಾಡಿನ ದೊಡ್ಡ ಕುಳ. ತೋಟದವರೇ ಬಂದು ಆಳಿನ ಮೂಲವನ್ನು ವಶಪಡಿಸಿಕೊಂಡ ಕಾಲವದು. ಆಮೇಲೆ ಕಾಂಗೋದಲ್ಲಿ ಪಟ್ಟಕ್ಕಾಗಿ ಹತ್ತಾರು ವರ್ಷ ಅಂತರ್ಯುದ್ಧ ನಡೆಯಿತು. ಎರಡೂ ಪಕ್ಷದವರು ಸೆರೆಹಿಡಿದವರು ಹಡಗು ಹತ್ತಿದರು. ಅಫೋನ್ಸೋ ಕಾಪಾಡಲು ಹೊರಟಿದ್ದ ಕಾಂಗೋದ ಪ್ರಜೆಗಳೇ ಅವರು. ಪಾಳುಬಿದ್ದ ರಾಜಧಾನಿಗೆ ಜನರನ್ನು ಮರಳಿ ಕರೆತಂದು, ಯುದ್ಧ ನಿಲ್ಲಬೇಕೆಂದು ಹೇಳಿ, ಯೇಸು ಹುಟ್ಟಿದ್ದು ನಮ್ಮ ಎಂಬಾಂಜಾ ಕಾಂಗೋದಲ್ಲೇ ಎಂದು ಸಾರಿದ ಕಿಂಪಾ ವೀಟಾ ಎಂಬ ತರುಣಿಯನ್ನು 1706ರಲ್ಲಿ ಜೀವಂತ ಸುಟ್ಟರು.

ಅಟ್ಲಾಂಟಿಕ್ ದಾಟಿಸಲು ಹಡಗು ಹತ್ತಿಸಿದವರು ಸುಮಾರು 1 ಕೋಟಿ 25 ಲಕ್ಷ ಜನ ಎಂದು ಹಡಗುಗಳ ದಾಖಲೆಗಳನ್ನು ಒಟ್ಟುಗೂಡಿಸಿದ ಇತಿಹಾಸಕಾರರ ಅಂದಾಜು. ಆಚೆ ದಡದಲ್ಲಿ ಜೀವಂತ ಇಳಿದವರು ಸುಮಾರು 1 ಕೋಟಿ 7 ಲಕ್ಷ. ನಡುವಿನ 18 ಲಕ್ಷ ಜನ ಸಮುದ್ರದ ಪಾಲು. ಹತ್ತಿದವರಲ್ಲಿ ಹೆಚ್ಚುಕಡಿಮೆ 57 ಲಕ್ಷ ಮಂದಿ ಕಾಂಗೋ ಮತ್ತು ಅಂಗೋಲಾದ ಕರಾವಳಿಯವರು. ಇಳಿದವರಲ್ಲಿ ಬ್ರೆಜಿಲ್ ಒಂದಕ್ಕೇ ಹೋದವರು ಸುಮಾರು 48 ಲಕ್ಷ. ನಾವು ಸಿನಿಮಾಗಳಲ್ಲಿ ನೋಡಿ ನೋಡಿ ಗುಲಾಮಗಿರಿ ಎಂದರೆ ಅಮೆರಿಕ ಸಂಯುಕ್ತ ಸಂಸ್ಥಾನದ ಹತ್ತಿಯ ಹೊಲ ಎಂದುಕೊಂಡಿದ್ದೇವೆ. ಅಲ್ಲಿಗೆ ನೇರವಾಗಿ ಬಂದಿಳಿದವರು 4 ಲಕ್ಷಕ್ಕಿಂತ ಕಡಿಮೆ.

ಹೋದವರು ಕಾಂಗೋವನ್ನು ಮರೆಯಲಿಲ್ಲ. 1739ರಲ್ಲಿ ದಕ್ಷಿಣ ಕೆರೊಲಿನಾದ ಸ್ಟೋನೋ ಎಂಬಲ್ಲಿ ಬಂಡೆದ್ದ ಗುಲಾಮರಲ್ಲಿ ಪೋರ್ಚುಗೀಸ್ ಬಲ್ಲ, ಕ್ಯಾಥೊಲಿಕ್ ಆದ, ಆ ಕಡೆಯಿಂದ ಬಂದವರಿದ್ದರು ಎಂದು ಆ ಕಾಲದ ವರದಿ ಹೇಳುತ್ತದೆ. 1793ರಲ್ಲಿ, ಮುಂದೆ ಹೈಟಿಯಾದ ನಾಡಿನಲ್ಲಿ, ಮಕಾಯಾ ಎಂಬ ಬಂಡಾಯಗಾರ ತಾನು ಮೂವರು ಅರಸರ ಪ್ರಜೆ ಎಂದ: ಕರಿಯರೆಲ್ಲರ ಒಡೆಯನಾದ ಕಾಂಗೋದ ಅರಸ, ನನ್ನ ತಂದೆಯ ಸ್ಥಾನದಲ್ಲಿರುವ ಫ್ರಾನ್ಸ್‌ನ ಅರಸ, ತಾಯಿಯ ಸ್ಥಾನದಲ್ಲಿರುವ ಸ್ಪೇನ್‌ನ ಅರಸ. ಬ್ರೆಜಿಲ್‌ನ ಮಿನಾಸ್ ಜೆರೈಸ್‌ನಲ್ಲಿ ಇವತ್ತಿಗೂ ರೋಸರಿ ಮಾತೆಯ ಹಬ್ಬದಲ್ಲಿ ಕಾಂಗೋದ ರಾಜ ರಾಣಿಯರಿಗೆ ಕಿರೀಟ ತೊಡಿಸಿ ಡೋಲು ಬಡಿಯುತ್ತಾ ಮೆರವಣಿಗೆ ಮಾಡುತ್ತಾರೆ.

ಇದೇ ಪೋರ್ಚುಗೀಸರ ಕೈ ಪೂರ್ವದ ಕಡಲಿನಲ್ಲಿಯೂ ಚಾಚಿತ್ತು. ಮೊಜಾಂಬಿಕ್‌ನಿಂದ ಗೋವಾಕ್ಕೆ ಗುಲಾಮರನ್ನು ತಂದು ಮಾರುತ್ತಿದ್ದರು. ನಮ್ಮ ಯಲ್ಲಾಪುರ, ಹಳಿಯಾಳ, ಅಂಕೋಲಾದ ಸಿದ್ದಿಗಳ ಪೂರ್ವಜರಲ್ಲಿ ಬಹಳ ಮಂದಿ ಹಾಗೆ ಬಂದವರು, ಗೋವಾದಿಂದ ತಪ್ಪಿಸಿಕೊಂಡು ಘಟ್ಟದ ಕಾಡು ಸೇರಿದವರು. ಹಿಂದೂ, ಮುಸ್ಲಿಂ, ಕ್ರೈಸ್ತ ಮೂರೂ ಧರ್ಮಗಳಲ್ಲಿ ಹರಡಿರುವ ಆ ಸಮುದಾಯ ಉತ್ತರ ಕನ್ನಡದಲ್ಲಿ ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಲು 2003ರವರೆಗೆ ಕಾಯಬೇಕಾಯಿತು. ಅವರನ್ನು ಬರಿಯ ಡಮಾಮಿ ಕುಣಿತಕ್ಕೆ, ಕ್ರೀಡಾಕೂಟಕ್ಕೆ ಕರೆದು ಫೋಟೊ ತೆಗೆದುಕೊಳ್ಳುವ ನಾವು ನಮ್ಮ ಶಾಲೆಗಳಲ್ಲಿ ಅವರ ಇತಿಹಾಸವನ್ನು ಒಂದು ಪುಟದಷ್ಟಾದರೂ ಹೇಳಿಕೊಡಬೇಕು ಎಂಬುದು ನನ್ನ ಬಲವಾದ ಅನಿಸಿಕೆ.

2017ರಲ್ಲಿ ಯುನೆಸ್ಕೊ ಎಂಬಾಂಜಾ ಕಾಂಗೋವನ್ನೂ, ಲಕ್ಷಾಂತರ ಗುಲಾಮರನ್ನು ಇಳಿಸಿದ ರಿಯೊ ಡಿ ಜನೈರೊದ ವಲೊಂಗೊ ಧಕ್ಕೆಯನ್ನೂ ಒಂದೇ ಅಧಿವೇಶನದಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಒಳ್ಳೆಯ ಕೆಲಸ. ಆದರೆ ಈ ಚರಿತ್ರೆಯನ್ನು ಪಾಳುಗೋಡೆಗಳ ಕಾಲಕ್ಕೆ ನೂಕಿಬಿಡುವವರಿಗೆ ನಾನು 1913ರ ಸಂಗತಿಯೊಂದನ್ನು ಹೇಳಬಯಸುತ್ತೇನೆ. ಆಗ ಪೋರ್ಚುಗೀಸ್ ಕಾನೂನಿನಲ್ಲಿ ಗುಲಾಮಗಿರಿ ರದ್ದಾಗಿ ದಶಕಗಳೇ ಕಳೆದಿದ್ದವು. ಸಾವ್ ತೊಮೆಯಲ್ಲಿ ಕಬ್ಬಿನ ಜಾಗಕ್ಕೆ ಕೋಕೋ ಬಂದಿತ್ತು. ಅಂಗೋಲಾದಿಂದ ಜನರನ್ನು "ಕರಾರು ಕೂಲಿ" ಎಂಬ ಹೆಸರಿನಲ್ಲಿ ಹಿಡಿದು ಅಲ್ಲಿಗೆ ಸಾಗಿಸುತ್ತಿದ್ದರು, ಮರಳಿ ಬಂದವರು ಬೆರಳೆಣಿಕೆಯಷ್ಟು. ಸುದ್ದಿ ಹಬ್ಬಿ ಇಂಗ್ಲೆಂಡಿನ ಚಾಕೊಲೇಟ್ ತಯಾರಕರು 1909ರಲ್ಲಿ ಆ ದ್ವೀಪದ ಕೋಕೋ ಕೊಳ್ಳುವುದನ್ನು ನಿಲ್ಲಿಸಿದ್ದರು. ಆದರೂ ಆಳಿನ ಬೇಡಿಕೆ ನಿಲ್ಲಲಿಲ್ಲ. ಎಂಬಾಂಜಾ ಕಾಂಗೋದಲ್ಲಿ ಹೆಸರಿಗೊಬ್ಬ ಅರಸನಿದ್ದ, ಅವನ ಮೂಲಕ ಪೋರ್ಚುಗೀಸರು ಕೂಲಿಗಳನ್ನು ಕೇಳಿದರು, ಅವನು ಒದಗಿಸಲು ಒಪ್ಪಿದ. ಅಲ್ವಾರೊ ಬೂಟಾ ಎಂಬ ನಾಯಕನೊಂದಿಗೆ ಜನ ದಂಗೆಯೆದ್ದು, ನಮ್ಮ ಜನರನ್ನು ನೀನು ಹೇಗೆ ಕೊಟ್ಟೆ ಎಂದು ಅರಸನನ್ನೇ ಕೇಳಿದರು. ಪೋರ್ಚುಗೀಸ್ ಸೇನೆ ಆ ದಂಗೆಯನ್ನು ಅಡಗಿಸಿತು, ಬೂಟಾ ಸೆರೆಯಾದ. 1914ರಲ್ಲಿ ಸರ್ಕಾರ ಕಾಂಗೋ ರಾಜ್ಯವನ್ನೇ ರದ್ದುಮಾಡಿತು.